ಉಸಿರುಗಾಜಿನ ಬಾಗಿಲು

ಕಾಡಿನ ಮಾಯಾವಿಗಳು ಯಾವ ಮನುಷ್ಯರ ರೂಪವನ್ನಾದರೂ ಧರಿಸಬಲ್ಲವು. ಆದರೆ ಉಸಿರುಗಾಜಿನ ಆಚೆ ನಿಂತರೆ ಮಾತ್ರ ಕಣ್ಣಿಗೆ ಕಾಣಿಸುವುದಿಲ್ಲ. ಹಾಗಾಗಿ ಆ ಊರಿನ ಮನೆಗಳಿಗೆಲ್ಲ ಉಸಿರುಗಾಜಿನದೇ ಬಾಗಿಲು. ಕಾಡಿನಿಂದ ಬಂದವರನ್ನು, ಒಳಗಿನ ಪರದೆ ಸರಿಸಿ ನೋಡದೆ ಯಾರೂ ಒಳಗೆ ಬಿಡುತ್ತಿರಲಿಲ್ಲ.

ಬೇಟೆಗೆ ಹೋಗಿ ದಾರಿ ತಪ್ಪಿದ್ದ ಗಂಡ ಕೊನೆಗೂ ಮರಳಿ ಬಂದು ಬಾಗಿಲು ಬಡಿದ.

"ಬೇಗ ನೋಡೇ, ಹಸಿವಾಗ್ತಿದೆ."

"ಇರಿ, ಭಯವಾಗ್ತಿದೆ," ಎಂದಳು ಹೆಂಡತಿ ಒಳಗಿನಿಂದ. "ನೀವು ಕಾಣದೇ ಹೋದ್ರೆ ನಾನೇನ್ ಮಾಡ್ಲಿ?"

"ಮೊದ್ಲು ನೋಡು!"

ಪರದೆ ಸರಿಯಿತು.

"ಕಾಣ್ತೀನಾ?"

"ಕಾಣ್ತೀರಿ! ಆ ಹಾಳು ಗಡ್ಡದ ಸಮೇತ ಕಾಣ್ತೀರಿ!" ಅವಳ ದನಿಯಲ್ಲಿ ಅಳು, ನಗು ಎರಡೂ ಇದ್ದವು.

ಗಾಜಿನಾಚೆ ಅವನಿಗೆ ಕಂಡದ್ದು ಉರಿಯುತ್ತಿದ್ದ ಒಲೆ, ಖಾಲಿ ಕೋಣೆ, ತಾನಾಗಿಯೇ ಸರಿಯುತ್ತಿದ್ದ ಚಿಲಕ.