ಯಾರ ಬಟ್ಟಲು

ದೋಣಿ ಬಂದು ಕಾಲುವೆಯ ಮೆಟ್ಟಿಲಿಗೆ ತಾಗಿ ನಿಂತಾಗಿತ್ತು, ಮದುಮಗಳು ಮಾತ್ರ ಏಳುತ್ತಿರಲಿಲ್ಲ. ತಲೆಯಿಂದ ಕಾಲಿನವರೆಗೆ ಮದುವೆಯ ಬಿಳಿಯುಟ್ಟು ಸುಮಿಯೆ ನಡುಮನೆಯ ಚಾಪೆಯ ಮೇಲೆ ಕೂತಿದ್ದಳು. ಅವಳ ಬಿಳುಪು ಕಂಡು ಕಾಲುವೆಯ ಬಾತುಕೋಳಿಗಳು ನಾಚಿ ಸೇತುವೆಯ ಕೆಳಗೆ ಅಡಗಿಕೊಂಡವು. ನಂಬಿಕೆ ಬರದಿದ್ದರೆ ಬಾತುಕೋಳಿಗಳನ್ನೇ ಕೇಳಿ.

"ಅಪ್ಪ ಬಾಗಿಲಿಗೆ ಬಂದು 'ಹೋಗು' ಅನ್ನಲಿ," ಎಂದಳು ಸುಮಿಯೆ. "ಇಲ್ಲಾಂದ್ರೆ ಇದನ್ನೆಲ್ಲ ಬಿಚ್ಚಿಟ್ಟು ಒಲೆ ಹಚ್ಚೋಕೆ ಹೋಗ್ತೀನಿ. ಮದುವೆ ಬೇಡ, ಏನೂ ಬೇಡ."

ದೋಣಿ ನನ್ನದು. ಯಾನಾಗಾವಾ ಊರಿನ ಕಾಲುವೆಗಳಲ್ಲಿ ಈ ಗೆನ್ಜೊನ ದೋಣಿ ಹತ್ತದ ಮದುಮಗಳ ಸಂಸಾರ ನೆಟ್ಟಗಾದದ್ದನ್ನು ನಾನು ಕಂಡಿಲ್ಲ. ನಾನು ಕೋಲು ಊರಿದರೆ ನೀರಿನಡಿಯ ಭೂಮಿ ನರಳುತ್ತದೆ. ಅಂಥ ನಾನೂ ಅಂದು ತುಟಿ ಬಿಚ್ಚದೆ ನಿಂತೆ, ಏಕೆಂದರೆ ಒಳಗೆ ಕೂತವನು ತೊಕುಜಿರೊ.

ತೊಕುಜಿರೊ ಎಂದರೆ ಸುಮಿಯೆಯ ಅಪ್ಪ, ಹಾವುಮೀನಿನ ಊಟದಂಗಡಿಯವನು. ಅವನು ಕೆಂಡದ ಮೇಲೆ ಮೀನಿಟ್ಟರೆ ಆ ಹೊಗೆಯ ಪರಿಮಳಕ್ಕೆ ಸಮುದ್ರದಾಚೆ ಕೊರಿಯಾದಲ್ಲಿ ಜನ ಅನ್ನ ಬಡಿಸಿಕೊಂಡು ಕೂರುತ್ತಿದ್ದರು. ಮಾತು ಮಾತ್ರ ಅವನ ಮೀನಿನಂತೆ ಜಾರುವುದಲ್ಲ. ಒಮ್ಮೆ ಕ್ಷೌರದವನ ಮೇಲೆ ಮುನಿದು, ಇನ್ನು ನಿನ್ನ ಅಂಗಡಿಯ ಮುಂದೆ ಹಾಯುವುದಿಲ್ಲ ಎಂದವನು ಇಂದಿಗೂ ಎಲ್ಲರೂ ಮೀಯುವ ಸ್ನಾನದ ಮನೆಗೆ ಅರ್ಧ ಊರು ಸುತ್ತಿ ಹೋಗುತ್ತಾನೆ. ಮನೆಗೆ ಮರಳುವಷ್ಟರಲ್ಲಿ ಮತ್ತೆ ಸ್ನಾನಕ್ಕೆ ಹೋಗುವಷ್ಟು ಬೆವರಿರುತ್ತಾನೆ.

ಹೆಂಡತಿ ಸತ್ತ ಮೇಲೆ ಮಗಳೇ ಅವನಿಗೆ ಮನೆಯಾಗಿದ್ದಳು. ಸೋಯಾ ರಸದ ಸಾಹುಕಾರನ ಮಗನ ಫೋಟೊ ತಂದು ಅವಳ ಮುಂದಿಟ್ಟ. ಅವಳು ಅದರ ಮೇಲಿನ ಕಾಗದವನ್ನೂ ಬಿಡಿಸದೆ, ಸ್ಟೇಷನ್ ಬಳಿಯ ಸಿನಿಮಾ ಮಂದಿರದಲ್ಲಿ ರೀಲು ಓಡಿಸುವ ಶುಂಜಿಯನ್ನಲ್ಲದೆ ಬೇರೆಯವರನ್ನು ಮದುವೆಯಾಗುವುದಿಲ್ಲ ಎಂದಳು. ಹಗಲಲ್ಲೂ ಕತ್ತಲೆಯಲ್ಲಿ ಕೂರುವ ಬಾವಲಿಗೆ ಹೆಣ್ಣು ಕೊಡಲೇ ಎಂದು ತೊಕುಜಿರೊ ಗುಡುಗಿದ. ಆಮೇಲೆ, ಬೀದಿ ಬೀದಿಯೇ ಕೇಳುವ ಹಾಗೆ ಆ ಮಾತು ಆಡಿಬಿಟ್ಟ: "ನಾನು ಬದುಕಿರೋ ತನಕ ನೀನು ಆ ಮನೆಗೆ ಹೋಗಕೂಡದು." ಅಂದಿನಿಂದ ಅಪ್ಪ ಮಗಳ ನಡುವೆ ಸಾರು ಓಡಾಡುತ್ತಿತ್ತು, ಅನ್ನ ಓಡಾಡುತ್ತಿತ್ತು, ಮಾತಿಲ್ಲ.

ಮದುವೆ ಇಲ್ಲಿಯವರೆಗೆ ಬಂದದ್ದು ಅವನ ಅಕ್ಕ ಮಾತ್ಸುನೊಳಿಂದ. ಅವಳ ನಾಲಿಗೆಗೆ ಹೆದರಿ ಬಿರುಗಾಳಿಗಳೇ ನಮ್ಮೂರು ಬಿಟ್ಟು ಬೇರೆ ಕಡೆ ತಿರುಗುತ್ತವೆ. ಆ ಬೆಳಿಗ್ಗೆ ಅವಳು ಸುಮಿಯೆಯ ಅನ್ನದ ಬಟ್ಟಲು ಹಿಡಿದು ಹೊಸಿಲಲ್ಲಿ ನಿಂತಿದ್ದಳು. ಕೆಂಪು ಮೀನಿನ ಚಿತ್ರದ ಪುಟ್ಟ ಬಟ್ಟಲು, ಸುಮಿಯೆ ಚಿಕ್ಕಂದಿನಿಂದ ಉಂಡದ್ದು. ಹೊರಡುವ ಮದುಮಗಳ ಬಟ್ಟಲನ್ನು ಹೊಸಿಲಿಗೆ ಹೊಡೆದು ಒಡೆಯುವುದು ನಮ್ಮಲ್ಲಿ ಕ್ರಮ. ಇನ್ನು ನಿನ್ನ ಅನ್ನ ಅಲ್ಲೇ, ತಿರುಗಿ ಬರಬೇಡ ಎಂದು ಅರ್ಥ. ಹೆಣ ಹೊರಡುವಾಗಲೂ ಸತ್ತವರ ಬಟ್ಟಲು ಒಡೆಯುತ್ತೇವೆ, ಅವರೂ ಊಟಕ್ಕೆ ತಿರುಗಿ ಬರಬಾರದಲ್ಲ.

"ಲೋ ತೊಕು," ಮಾತ್ಸುನೊ ಅಡುಗೆಮನೆಯತ್ತ ಕೂಗಿದಳು. "ನಿನ್ನ ಹಟ ಎಷ್ಟು ಬೇಯಿಸಿದ್ರೂ ಮೆತ್ತಗಾಗಲ್ವಲ್ಲೋ. ಬರ್ತೀಯೋ ಇಲ್ವೋ?"

"ಆಡಿದ ಮಾತು ಆಡಿ ಆಯ್ತು, ಅಕ್ಕ," ಒಳಗಿನಿಂದ ಬಂದದ್ದು ಅಷ್ಟೇ.

ಸುಮಿಯೆಯ ಕೈ ನಿಧಾನವಾಗಿ ತಲೆಯ ಬಿಳಿ ಗವಸಿಗೆ ಹೋಯಿತು. ಹಟ ಅವಳದೂ ಅಪ್ಪನದೇ ಅಚ್ಚು, ತೆಗೆದಳೆಂದರೆ ಮತ್ತೆ ಹಾಕುವವಳಲ್ಲ.

ಅಷ್ಟರಲ್ಲಿ ಅಡುಗೆಮನೆಯ ಬಾಗಿಲು ಸರಿಯಿತು. ತೊಕುಜಿರೊ ಬಂದ. ಕೈಯಲ್ಲಿ ಅವನದೇ ನೀಲಿ ಬಟ್ಟಲು. ಒಮ್ಮೆ ತುಂಬಿದರೆ ಇಡೀ ಬೀದಿ ಉಂಡು ಕೈ ತೊಳೆಯುವಷ್ಟು ದೊಡ್ಡದು. ಯಾರ ಮುಖವನ್ನೂ ನೋಡದೆ ಹೊಸಿಲಿನವರೆಗೆ ನಡೆದು, ಅದನ್ನು ಎತ್ತಿ ಕಲ್ಲಿಗೆ ಅಪ್ಪಳಿಸಿದ. ಚೂರೊಂದು ಹಾರಿ ನನ್ನ ದೋಣಿಗೆ ಬಿತ್ತು.

ಮಾತ್ಸುನೊಳ ಮುಖ ಸುಣ್ಣವಾಯಿತು. "ಬದುಕಿರೋನ ಬಟ್ಟಲು ಒಡೀತಾರೇನೋ, ಅಪಶಕುನದವನೇ."

"ಯಾರು ಬದುಕಿರೋದು? ಬದುಕಿರೋ ತನಕ ಬಿಡಲ್ಲ ಅಂದಿದ್ದ ತೊಕುಜಿರೊ, ಬಿಡಲಿಲ್ಲ. ಮಾತು ಉಳಿಸ್ಕೊಂಡೇ ಹೋದ, ಮುದುಕ." ಆಮೇಲೆ ಮಗಳ ಕಡೆ ತಿರುಗಿದ. "ಏಳಮ್ಮ. ಶುಂಜಿ ಕಾಯ್ತಿರ್ತಾನೆ."

ಆ ಹೆಸರು ಅವನ ಬಾಯಲ್ಲಿ ಬಂದದ್ದು ಅದೇ ಮೊದಲು. ಸುಮಿಯೆ ಚಾಪೆಗೆ ಕೈಯೂರಿ ಹಣೆ ಬಾಗಿಸಿದಳು. "ಅಪ್ಪಾ, ಇಷ್ಟು ವರ್ಷ ನನ್ನನ್ನ ನೀವು..."

"ಸತ್ತವರ ಹತ್ರ ಎಂಥ ಮಾತು? ನೀರು ಇಳಿಯೋಕೆ ಮುಂಚೆ ಹೊರಡು."

ಮಾತ್ಸುನೊ ಸುಮಿಯೆಯ ಬಟ್ಟಲನ್ನು ಮುಂದೆ ಚಾಚಿ, ಹಾಗಾದರೆ ಇದನ್ನು ಒಡೆಯುವುದು ಬೇಡವೇ ಎಂದಳು. ಅವನು ಅದನ್ನು ಕಸಿದುಕೊಂಡು ಎರಡು ಕೈಯಲ್ಲೂ ಮುಚ್ಚಿ ಹಿಡಿದ.

ನಾನು ಕೋಲು ಊರಿದೆ. ಊರಿನ ನೀರೆಲ್ಲ ಎರಡಾಗಿ ಸರಿದು ದಾರಿ ಬಿಟ್ಟಿತು. ಹೊರಟ ಮದುಮಗಳು ಹಿಂದೆ ನೋಡಕೂಡದು, ಸುಮಿಯೆ ನೋಡಲಿಲ್ಲ. ತಿರುವು ಬಂದಾಗ, ತಲೆ ಎತ್ತದೆ ನನ್ನನ್ನು ಕೇಳಿದಳು. "ಗೆನ್ಜೊ ಮಾವ, ಅಪ್ಪ ಅಲ್ಲೇ ನಿಂತಿದಾರಾ?"

ತಿರುಗಿ ನೋಡಿದೆ. ಬೇರೆ ದಿನವಾಗಿದ್ದರೆ, ಅವನ ಕಣ್ಣೀರಿಗೆ ಕಾಲುವೆ ಉಕ್ಕಿತು ಎನ್ನುತ್ತಿದ್ದೆ. ಅಂದು ಕಂಡದ್ದನ್ನು ಕಂಡಷ್ಟೇ ಹೇಳಿದೆ.

"ಇಲ್ಲಮ್ಮ. ಮೆಟ್ಟಿಲ ಮೇಲೆ ಕುಕ್ಕರಗಾಲಲ್ಲಿ ಕೂತು ನಿನ್ನ ಬಟ್ಟಲು ತೊಳೀತಿದಾರೆ."