ಕೊನೆಯ ಶಿಳ್ಳೆಗಾರ್ತಿ

ಆ ಬೆಳಿಗ್ಗೆ ಫ್ರಾನ್ಸ್ ದೇಶದ ಒಂದಿಷ್ಟು ಇತಿಹಾಸ ನಿಂತಿದ್ದದ್ದು ಒಬ್ಬ ಅಜ್ಜಿಯ ಹಲ್ಲಿನ ಸೆಟ್ಟಿನ ಮೇಲೆ...

ಸೆಟ್ಟು ಹಾಕಿಕೊಂಡರೆ ಶಿಳ್ಳೆ ಬಾರದು. ತೆಗೆದರೆ ಕ್ಯಾಮೆರಾಕ್ಕೆ ಮುಖ ತೋರಿಸಲು ಅಜ್ಜಿ ಒಪ್ಪಳು.

"ಬೆನ್ನಿನ ಕಡೆಯಿಂದ ತೆಗೀತೀನಿ ಬಿಡಿ ಅಜ್ಜಿ" ಎಂದು ರಾಜಿಗೆ ಬಂದಳು ಡಾಕ್ಯುಮೆಂಟರಿ ನಿರ್ದೇಶಕಿ ಸೊಲೆನ್.

ಅದು ಕುರಿಗಾಹಿಗಳ ಬೆಟ್ಟದ ಹಳ್ಳಿ. ಕಣಿವೆಯ ಆಚೆ ಈಚೆಯವರು ಹಿಂದೆ ಶಿಳ್ಳೆಯಲ್ಲೇ ಮಾತಾಡುತ್ತಿದ್ದರು. ಕುರಿ ತಪ್ಪಿಸಿಕೊಂಡಿದೆ, ಮಗು ಹುಟ್ಟಿದೆ... ಎಲ್ಲವೂ ಶಿಳ್ಳೆ.

ಅದನ್ನು ಬಲ್ಲವಳು ಈಗ ಈ ಜೆರ್ಮೇನ್ ಅಜ್ಜಿ ಒಬ್ಬಳೇ ಎಂದು ಎಲ್ಲರ ನಂಬಿಕೆ. ಎದುರು ಬೆಟ್ಟದ ಓಡೆಟ್ ಅಜ್ಜಿಯನ್ನೂ ಸೊಲೆನ್ ಕೇಳಿ ನೋಡಿದ್ದಳು. "ನಂಗೆ ಅದೆಲ್ಲ ಬರಲ್ಲ" ಎಂದು ಆಕೆ ಬಾಗಿಲು ಹಾಕಿದ್ದಳು.

ಚಾನೆಲ್‌ನವರಿಗೂ ಬೇಕಿದ್ದದ್ದು ‘ಕೊನೆಯ ಶಿಳ್ಳೆಗಾರ್ತಿ’ಯೇ. ಕೊನೆಯವರು ಎಂದರೆ ಜನ ಅಳುತ್ತಾ ನೋಡುತ್ತಾರೆ. ಇನ್ನೂ ಇಬ್ಬರಿದ್ದಾರೆ ಎಂದರೆ ರಿಮೋಟ್ ಹುಡುಕುತ್ತಾರೆ.

"ಏನಾದ್ರೂ ಒಂದು ಶಿಳ್ಳೆ ಹಾಕಿ ಅಜ್ಜಿ."

"ಏನಾದ್ರೂ ಅಂದ್ರೆ? ನಾನೇನು ಪ್ರೆಷರ್ ಕುಕ್ಕರಾ? ಸುಳ್ಳು ಶಿಳ್ಳೆ ಹಾಕಬಾರದು ಕಣಮ್ಮ. ಕೇಳಿಸಿಕೊಂಡವರು ಉತ್ತರ ಕೊಡಲೇಬೇಕು, ಅದು ನಮ್ಮ ಕಟ್ಟಳೆ."

ಒಲೆಯ ಮೇಲೆ ಸೂಪು ನಿಜಕ್ಕೂ ಕುದಿಯುತ್ತಿತ್ತು. ಅಜ್ಜಿ ಸೆಟ್ಟು ತೆಗೆದಿಟ್ಟು, ಅಂಗಳದಲ್ಲಿ ಎದುರು ಬೆಟ್ಟದ ಕಡೆ ಮುಖ ಮಾಡಿ ಅದನ್ನೇ ಶಿಳ್ಳೆಯಲ್ಲಿ ಹೇಳಿದಳು... ‘ಸೂಪ್ ಆಗಿದೆ, ಬಾ.’

ಮೈಕಿಗೆ ಗಾಳಿ ಹೊಡೆಯಿತು. ಇನ್ನೊಂದು ಸಲ... ಮೋಡ ಅಡ್ಡ ಬಂತು. ಮತ್ತೊಂದು ಸಲ...

ಆಗ ಎದುರು ಬೆಟ್ಟದಿಂದ ಉದ್ದನೆಯ ಶಿಳ್ಳೆಯೊಂದು ತೇಲಿ ಬಂತು.

ಅಜ್ಜಿ ಬೊಚ್ಚು ಬಾಯಿಯ ಪರಿವೆಯೇ ಇಲ್ಲದೆ ಕ್ಯಾಮೆರಾದ ಕಡೆ ತಿರುಗಿಬಿಟ್ಟಳು. ಕಣ್ಣು ತುಂಬ ನೀರು.

"ಓಡೆಟ್... ಟಗರಿನ ಜಗಳಕ್ಕೆ ನನ್ನ ಹತ್ರ ಮಾತು ಬಿಟ್ಟವಳು. ನಾನಿರೋ ಸಿನಿಮಾದಲ್ಲಿ ತಾನಿರಬಾರದು ಅಂತ ನಿಂಗೆ ಸುಳ್ಳು ಹೇಳಿದಾಳೆ, ಹಟಮಾರಿ."

"ಏನಂತಾರೆ?"

"ಮೊದಲನೇ ಸಲವೇ ಕೇಳಿಸ್ತು, ನಾನೇನು ಕಿವುಡೀನಾ? ಮಂಡಿ ನೋವು, ನಿಧಾನಕ್ಕೆ ಬರ್ತೀನಿ... ಅಂತಾಳೆ."

ಅಜ್ಜಿ ತೋಳಿನಿಂದ ಕಣ್ಣೊರೆಸಿಕೊಂಡಳು. "ಉತ್ತರ ಬರದಿದ್ರೆ ಅನ್ನೋ ಭಯಕ್ಕೆ ಇಷ್ಟು ವರ್ಷ ಆ ಕಡೆಗೆ ಶಿಳ್ಳೇನೇ ಹಾಕಿರಲಿಲ್ಲ ಕಣೇ."

ಸುದ್ದಿ ಕೇಳಿದ ನಿರ್ಮಾಪಕ ಫೋನಿನಲ್ಲಿ ನಿಟ್ಟುಸಿರು ಬಿಟ್ಟ. "ಆ ಎರಡನೇ ಮುದುಕೀನ ಕಟ್ ಮಾಡು. ಇಲ್ಲಾಂದ್ರೆ ಚಾನೆಲ್ ಕೈಬಿಡುತ್ತೆ."

ಈ ಚಿತ್ರಕ್ಕಾಗಿ ಸೊಲೆನ್ ಇದ್ದ ಕೆಲಸವನ್ನೇ ಬಿಟ್ಟು ಬಂದಿದ್ದಳು. ಆದರೂ ದನಿ ಅಲುಗಲಿಲ್ಲ.

"ನಾನು ಬಂದಿರೋದು ನೆನಪು ಉಳಿಸೋಕೆ, ತಿಥಿ ಮಾಡೋಕಲ್ಲ."

ಚಾನೆಲ್ ಕೈಬಿಟ್ಟಿತು. ಚಿತ್ರ ಹಳ್ಳಿಯ ಶಾಲೆಯ ಗೋಡೆಯ ಮೇಲೆ ಬಿಡುಗಡೆಯಾಯಿತು. ಈಗ ಅಲ್ಲಿನ ಮಕ್ಕಳು ಅದನ್ನು ನೋಡಿ ಶಿಳ್ಳೆ ಕಲಿಯುತ್ತಿದ್ದಾರೆ. ತಪ್ಪಿದರೆ ಅಜ್ಜಿಯರಿಬ್ಬರೂ ಬೈಯುತ್ತಾರೆ.

*ಮರುಮಾತು ಕೊಡುವವರು ಒಬ್ಬರಿದ್ದರೂ ಸಾಕು, ಯಾವ ಭಾಷೆಯೂ ಸಾಯುವುದಿಲ್ಲ.*

ನಿಮ್ಮ ಮನೆಯ ಹಳೆಯ ಮಾತು ಬಲ್ಲ ಯಾರೊಂದಿಗಾದರೂ... ನೀವು ಮಾತು ಬಿಟ್ಟಿದ್ದೀರಾ?