ಒಲೆ ಮುಚ್ಚಿಸಿದವನು

"ದೂರು ಕೊಟ್ಟವರ ಹೆಸರು ಹೇಳೋ ಹಾಗಿಲ್ಲ," ಎಂದಳು ಪುರಸಭೆಯ ಗುಮಾಸ್ತೆ, ಮೂರನೇ ಸಲ.

"ಒಲೆ ನಂದು. ಅಂಗಡಿ ನಂದು. ಮುಚ್ಚಿಸಿದವನು ಯಾರು ಅಂತ ಮಾತ್ರ ನನಗೆ ಗೊತ್ತಾಗಬಾರದು. ಯಾವ ಸೀಮೆ ನ್ಯಾಯ ಇದು?"

"ಕಾನೂನು ನಾನು ಬರೆದಿದ್ದಲ್ಲ, ಸ್ವಾಮಿ. ಅಷ್ಟು ಸಿಟ್ಟಿದ್ರೆ ಚುನಾವಣೆಗೆ ನಿಲ್ಲಿ."

ಅವಳು ತಮಾಷೆಗೆ ಅಂದದ್ದು. ಬ್ರೆಡ್ಡಿನ ಅಂಗಡಿಯ ಲೆಯೋಸಿರ್ ತಮಾಷೆ ಮರೆತು ಎರಡು ವಾರವಾಗಿತ್ತು.

ಆ ಸೌದೆ ಒಲೆಯನ್ನು ಅವನ ಅಪ್ಪ ಒಲೀವಿಯು ಒಂದೊಂದೇ ಇಟ್ಟಿಗೆ ಜೋಡಿಸಿ ಕಟ್ಟಿದ್ದ. ಐವತ್ತು ವರ್ಷ ಆ ಬೀದಿ ಅದರ ಬ್ರೆಡ್ಡಿನ ವಾಸನೆಗೇ ಎದ್ದಿತ್ತು. ಒಂದು ಮಂಗಳವಾರ ಅಧಿಕಾರಿ ಬಂದ, ಚಿಮಣಿ ಅಳೆದ, ಹೊಗೆ ಅಳೆದ, ಒಲೆಯ ಬಾಯಿಗೆ ಕಾಗದದ ಪಟ್ಟಿ ಅಂಟಿಸಿ ಮೊಹರು ಒತ್ತಿದ. ಲೆಯೋಸಿರ್ ಕರೆಂಟಿನ ಒಲೆ ತಂದ. ಬ್ರೆಡ್ಡು ಉಬ್ಬಿತು, ರುಚಿ ಬರಲಿಲ್ಲ. "ಆಸ್ಪತ್ರೇಲಿ ಕೊಡೋದು ಇದೇ ಅಲ್ವೇನಪ್ಪಾ?" ಎಂದು ಹಳೇ ಗಿರಾಕಿಗಳು ಕೇಳಿದರು.

ದೇಶದ ಬಾವುಟದ ಹಳದಿ-ಹಸಿರು ಬಣ್ಣದ ಅಂಗಿ ತೊಟ್ಟು, ಮುಚ್ಚಿದ ಒಲೆಯ ಮುಂದೆ ನಿಂತು ಅವನು ಮೊದಲ ವಿಡಿಯೊ ಮಾಡಿದ. "ತೆರಿಗೆ ಕಟ್ಟೋಕೆ ನಾವು ಬೇಕು. ಬೆಂಕಿ ಹಚ್ಚೋಕೆ ಇವರ ಅಪ್ಪಣೆ ಬೇಕು." ನಡುವೆ ಎರಡು ಸಲ ಕೆಮ್ಮು ಬಂತು. ದುಃಖಕ್ಕೆ ಗಂಟಲು ಕಟ್ಟಿತೆಂದು ಜನ ತಿಳಿದರು. ಸಂಜೆಯೊಳಗೆ ಊರೆಲ್ಲ ನೋಡಿತು.

ಆಮೇಲೆ ವರ್ತಕರ ಸಂಘದಲ್ಲಿ ಭಾಷಣ. ಆಮೇಲೆ ಭಾನುವಾರದ ಮೆರವಣಿಗೆ. ಸರ್ಕಾರ ಸಣ್ಣದಾಗಬೇಕು, ದುಡಿಯುವವನ ತಂಟೆಗೆ ಬರಬಾರದು ಎಂದು ಅವನು ಹೇಳಿದ್ದನ್ನು ಚೌಕದಲ್ಲಿ ಜನ ತಿರುಗಿ ಕೂಗಿದರು. ಅಂಗಡಿ ಹೆಂಡತಿ ಮರಿನೇಸಳ ಪಾಲಾಯಿತು.

ಬಲಪಂಥದ ಪಕ್ಷದ ಊರಿನ ಅಧ್ಯಕ್ಷ ವಲ್ಮೋರ್ ಒಂದು ದಿನ ಬಂದು ಕಾಫಿಗೆ ಕೂತ. ಟ್ರ್ಯಾಕ್ಟರ್ ಮಾರುವ ಮನುಷ್ಯ. ಗಿರಾಕಿಯ ಮುಖ ನೋಡಿಯೇ ಅಳೆಯುತ್ತಿದ್ದ.

"ಬೀದೀಲಿ ಎಷ್ಟು ದಿನ ಕೂಗ್ತೀಯ? ಗಂಟಲು ಹೋಗುತ್ತೆ. ಪುರಸಭೆ ಸದಸ್ಯ ಆಗು."

"ಆದ್ರೆ ಆ ದೂರಿನ ಕಡತ ನೋಡೋಕೆ ಸಿಗುತ್ತಾ?"

"ಗೆದ್ರೆ ಸಿಗುತ್ತೆ. ಮತಯಂತ್ರದಲ್ಲಿ ಅಡ್ಡಹೆಸರೂ ಹಾಕಬಹುದು, ಏನು ಹಾಕೋಣ?"

"ಒಲೆಯ ಲೆಯೋಸಿರ್."

ವಲ್ಮೋರ್ ಬಟ್ಟಲು ಕೆಳಗಿಟ್ಟ. "ಇದು ಗೆಲ್ಲೋ ಹೆಸರು."

ಯಾರು ಮುಚ್ಚಿಸಿದ್ದೆಂದು ಊರಿಗೆ ಗುಮಾನಿ ಇದ್ದೇ ಇತ್ತು. ಗೋಡೆಯಾಚೆ ನೆರೆವು ಎಂಬವನ ಬಟ್ಟೆ ಒಗೆಯುವ ಅಂಗಡಿ. ಒಣಹಾಕಿದ ಬಿಳಿ ಹೊದಿಕೆಗಳ ಮೇಲೆ ಮಸಿ ಬೀಳುತ್ತದೆಂದು ಅವನು ಗೊಣಗುತ್ತಿದ್ದ. ಮೇಲಾಗಿ ಎಡಪಕ್ಷದವನು. ಇಬ್ಬರೂ ಒಂದೇ ಬೆಂಚಿನಲ್ಲಿ ಓದಿದವರು, ಒಂದೇ ತಂಡದಲ್ಲಿ ಚೆಂಡು ಒದ್ದವರು.

"ನಾನಲ್ಲ ಕಣೋ," ಎಂದ ನೆರೆವು, ಬಾಗಿಲಲ್ಲೇ ನಿಂತು. "ನನಗೆ ಸಿಟ್ಟು ಬಂದ್ರೆ ನಿನ್ನ ಮುಖದ ಮೇಲೇ ಬೈತೀನಿ. ಅರ್ಜಿ ಬರೆಯೋಕೆ ನನಗೆಲ್ಲಿ ಪುರುಸೊತ್ತು?"

"ಕಳ್ಳನೂ ಇದನ್ನೇ ಹೇಳ್ತಾನೆ."

ಭಾಷಣದಲ್ಲಿ ಲೆಯೋಸಿರ್ ಹೆಸರೆತ್ತಲಿಲ್ಲ. "ನಮ್ಮ ಗೋಡೆಗೆ ಗೋಡೆ ಹತ್ತಿಸಿಕೊಂಡೇ ಇದ್ದಾರೆ ಅಂಥವರು" ಎಂದ, ಅಷ್ಟೇ. ಅಷ್ಟು ಸಾಕಾಯಿತು. ಜನ ಬಟ್ಟೆಯ ಗಂಟು ಹೊತ್ತು ಪಕ್ಕದ ಬೀದಿಗೆ ಹೋದರು. ನೆರೆವು ಅಂಗಡಿ ಮುಚ್ಚಿ ಮಗಳ ಊರಿಗೆ ಹೊರಟ. ಹೋಗುವಾಗ ಒಲೀವಿಯುವಿನ ಕೈ ಕುಲುಕಿದ, ಲೆಯೋಸಿರ್ ಕಡೆ ತಿರುಗಲಿಲ್ಲ.

ಕರಪತ್ರದ ಮೇಲೆ ಅಪ್ಪನ ಚಿತ್ರ ಬೇಕೆಂದ ವಲ್ಮೋರ್. ಎಪ್ಪತ್ತೊಂಬತ್ತರ ಮುದುಕ, ಅವನ ಮುಚ್ಚಿದ ಒಲೆ, ಕಲ್ಲೂ ಕರಗಬೇಕು. ಒಲೀವಿಯು ಕ್ಯಾಮೆರಾದ ಮುಂದೆ ನಿಲ್ಲಲು ಒಪ್ಪಲಿಲ್ಲ. ಹಳೇ ಆಲ್ಬಮಿನಿಂದ ಒಂದನ್ನು ಕಿತ್ತು ಅಚ್ಚು ಹಾಕಿಸಿದರು. ವೇದಿಕೆಗೆ ಕರೆದರೆ ಮಂಡಿ ನೋವೆಂದ.

ಒಂದು ಮಧ್ಯಾಹ್ನ ಅನ್ನ, ಹುರುಳಿ ಬಡಿಸಿಕೊಂಡು ಕೂತಾಗ ಮುದುಕ ಬಾಯಿ ಬಿಟ್ಟ.

"ಲೆಯೋಸಿರ್, ಒಲೆ ವಿಷಯ ಒಂದು ಮಾತು..."

"ನಿನ್ನ ಒಲೆ ತೆರೆಸೇ ತೆರೆಸ್ತೀನಿ ಅಪ್ಪಾ. ಚಿಂತೆ ಬಿಡು."

"ಮುಚ್ಚಿದ್ದು ಮುಚ್ಚಿತು ಬಿಡು ಅಂತ. ದೂರು ಕೊಟ್ಟವನಿಗೂ ಏನೋ ಸಂಕಟ ಇತ್ತೇನೋ."

"ನಿನ್ನ ಒಳ್ಳೆತನ ನೋಡೇ ಇವರೆಲ್ಲ ನಮ್ಮ ತಲೆ ಮೇಲೆ ಕೂರೋದು." ಫೋನು ಬಡಿದುಕೊಂಡಿತು. ಲೆಯೋಸಿರ್ ತಟ್ಟೆ ಬಿಟ್ಟು ಎದ್ದ. ಮುದುಕ ಸೊಸೆಯ ಮುಖ ನೋಡಿದ. ಮರಿನೇಸ್ ಪಾತ್ರೆ ಎತ್ತಿಕೊಂಡು ಒಳಗೆ ಹೋದಳು.

ಗೆದ್ದ. ವಾರ್ಡಿಗೆಲ್ಲ ಪಟಾಕಿ. ಪ್ರಮಾಣವಚನದ ಮರುದಿನ ಬೆಳಗ್ಗೆ, ಹೊಸ ಕೋಟಿನಲ್ಲಿ, ಪುರಸಭೆಯ ಅದೇ ಗುಮಾಸ್ತೆಯ ಕಿಟಕಿಯ ಮುಂದೆ ನಿಂತ. ಏಳು ತಿಂಗಳು ಅಲೆಸಿದ ಕಡತಕ್ಕೆ ಈಗ ಸದಸ್ಯನ ಮೊಹರಿನ ಪತ್ರವಿತ್ತು.

ಗುಮಾಸ್ತೆ ಪತ್ರ ಓದಿದಳು, ಅವನನ್ನು ನೋಡಿದಳು.

"ಈಗ ಕೊಡಲ್ಲ ಅನ್ನೋಕಾಗಲ್ಲ. ಆದ್ರೂ ನೋಡದೇ ಇದ್ರೇ ಚೆನ್ನ, ಸ್ವಾಮಿ."

"ನೆರೆವು ಅಂತ ನನಗೆ ಗೊತ್ತು. ಕಣ್ಣಾರೆ ನೋಡಬೇಕು, ಅಷ್ಟೆ."

ಅವಳು ಎದ್ದು ಒಳಗೆ ಹೋದಳು. ಕಡತ ತಂದಿಟ್ಟು ಬೇರೆ ಕೆಲಸಕ್ಕೆ ತಿರುಗಿದಳು.

ಒಳಗೆ ಒಂದೇ ಹಾಳೆ. ಯಾರೋ ಬಾಯಲ್ಲಿ ಹೇಳಿದ್ದು, ಕಚೇರಿಯವರು ಟೈಪು ಮಾಡಿದ್ದು. ಅವನು ನಿಂತೇ ಓದಿದ.

'ಒಲೆ ಹಚ್ಚುವವನು ಇಡೀ ದಿನ ಕೆಮ್ಮುತ್ತಾನೆ. ಗೋಡೆಯಾಚೆಗೂ ಕೇಳಿಸುತ್ತದೆ.' ಗೋಡೆಯಾಚೆ! ಲೆಯೋಸಿರ್‌ನ ತುಟಿಯಲ್ಲಿ ನಗು ಬಂತು. 'ವೈದ್ಯರ ಹತ್ತಿರ ಹೋಗುವುದಿಲ್ಲ. ಇದೇ ಹೊಗೆ ಕುಡಿದು ಅವನ ದೊಡ್ಡಪ್ಪ ಐವತ್ತಕ್ಕೆ ಸತ್ತದ್ದನ್ನು ನಾನು ನೋಡಿದ್ದೇನೆ. ಹೇಳಿದರೆ ಕೇಳುವವನಲ್ಲ, ನಿಮ್ಮ ಮಾತಿಗಾದರೂ ಹೆದರುತ್ತಾನೆ. ದಯವಿಟ್ಟು ನನ್ನ ಹೆಸರು ಅವನಿಗೆ ತಿಳಿಯುವುದು ಬೇಡ.'

ಕೆಳಗೆ ಅಚ್ಚಿನ ಸಾಲು: ದೂರುದಾರರು ಅಂಗಡಿಯವರಿಗೆ ಏನಾಗಬೇಕು?

ಅದರ ಮುಂದೆ ಟೈಪು ಮಾಡಿತ್ತು: ಅಪ್ಪ.